ದನಿಬಾವಿಯಲ್ಲಿ ಐದು ದಿನ

ಮೊದಲೇ ಹೇಳಿಬಿಡುತ್ತೇನೆ. ಈ ಬಾವಿ ಯಾವ ನಕ್ಷೆಯಲ್ಲೂ ಇಲ್ಲ. ಹೋಗೋದು ಹೇಗೆ ಅಂತ ಕೇಳಿದರೆ ನನ್ನ ಹತ್ತಿರ ಉತ್ತರವಿಲ್ಲ. ಊರು ಕಟ್ಟಿದವನೂ ನಾನೇ, ಬಾವಿ ತೋಡಿದವನೂ ನಾನೇ. ಆದರೆ ತೋಡುವಾಗ ನನಗೆ ನಾನೇ ಒಂದು ಕರಾರು ಹಾಕಿಕೊಂಡಿದ್ದೆ. ಸುಳ್ಳು ಒಂದೇ ಇರಬೇಕು. ಆ ಸುಳ್ಳು ಇಷ್ಟು: ಈ ಬಾವಿಯ ಗೋಡೆಯಲ್ಲೊಂದು ಸೀಳು ಇದೆ, ಅದರೊಳಗೆ ಬಿದ್ದ ದನಿ ದಿನಕ್ಕೆ ಒಂದೇ ಮೆಟ್ಟಿಲು ಇಳಿಯುತ್ತದೆ. ಮಿಕ್ಕಿದ್ದರಲ್ಲೆಲ್ಲ ದನಿ ನಮ್ಮ ಲೋಕದಲ್ಲಿ ಹೇಗೆ ನಡೆದುಕೊಳ್ಳುತ್ತದೋ ಅಲ್ಲೂ ಹಾಗೇ.

ನಮ್ಮ ಲೋಕದಲ್ಲಿ ಅದಕ್ಕೆ ಅವಸರ ಜಾಸ್ತಿ. 20 ಡಿಗ್ರಿ ಬಿಸಿಯ ಗಾಳಿಯಲ್ಲಿ ಸೆಕೆಂಡಿಗೆ 343 ಮೀಟರ್. ಮಿಂಚು ಕಂಡ ಮೇಲೆ ಗುಡುಗು ಕೇಳುವ ತನಕ ಸೆಕೆಂಡ್ ಎಣಿಸಿ, ಮೂರರಿಂದ ಭಾಗಿಸಿದರೆ ಸಿಡಿಲು ಎಷ್ಟು ಕಿಲೋಮೀಟರ್ ಆಚೆ ಅಂತ ಗೊತ್ತಾಗುತ್ತದೆ. ಮಕ್ಕಳೂ ಮಾಡುವ ಲೆಕ್ಕ ಇದು. ಅಂದರೆ ನಮ್ಮ ಕಿವಿಗೆ ಬೀಳುವ ಗುಡುಗು ಯಾವತ್ತೂ ಸ್ವಲ್ಪ ಹಳೆಯದೇ. 1883ರಲ್ಲಿ ಕ್ರಕಟೋವ ಜ್ವಾಲಾಮುಖಿ ಸಿಡಿದಾಗ ಆ ಸದ್ದು ಸುಮಾರು 4,800 ಕಿಲೋಮೀಟರ್ ದೂರದ ರಾಡ್ರಿಗಸ್ ದ್ವೀಪದವರಿಗೂ ಕೇಳಿಸಿತು. ಎಲ್ಲೋ ಫಿರಂಗಿ ಹಾರಿಸುತ್ತಿದ್ದಾರೆ ಅಂತಲೇ ಅಲ್ಲಿ ಅಂದುಕೊಂಡರು. ಅಷ್ಟು ಹೊತ್ತಿಗೆ ಸದ್ದು ಹೊರಟು ನಾಲ್ಕು ಗಂಟೆಯಾಗಿತ್ತು. ಆ ನಾಲ್ಕು ಗಂಟೆಯನ್ನು ನಾನು ವರ್ಷಗಳಿಗೆ ಎಳೆದಿದ್ದೇನೆ, ಅಷ್ಟೇ.

ಮೊದಲ ದಿನ

ಹೊತ್ತು ಇಳಿಯುವಾಗ ಊರು ಮುಟ್ಟಿದೆವು. ನಾನು, ಅಕ್ಕ, ಮತ್ತು ಅಕ್ಕನ ಮಂಡಿನೋವು. ದಾರಿಯುದ್ದಕ್ಕೂ ನಮ್ಮಿಬ್ಬರಿಗಿಂತ ಜಾಸ್ತಿ ಮಾತಾಡಿದ್ದು ಆ ಮಂಡಿಯೇ.

ನಾವು ಬಂದದ್ದು ಒಂದು ಜಗಳ ತೀರಿಸಿಕೊಳ್ಳೋದಕ್ಕೆ. ಹನ್ನೆರಡು ವರ್ಷದ ಜಗಳ. ಆಗ ಅಕ್ಕನ ಮನೆ ಈ ಊರಿನಲ್ಲೇ ಇತ್ತು. ಭಾವ ತೀರಿಕೊಂಡು ಆರು ತಿಂಗಳಾಗಿತ್ತು. ಒಂದು ಮಧ್ಯಾಹ್ನ ಇದೇ ಬಾವಿಯ ಬಾಯಿಯ ಹತ್ತಿರ ಕೂತಿದ್ದಾಗ ನಾನು ಕೇಳಿದೆ: "ಅಕ್ಕಾ, ನಾನು ಇಲ್ಲೇ ನಿನ್ನ ಜೊತೆ ಇರಲಾ?"

ಅವಳು "ಬಿಡು" ಅಂದಳು. ನನಗೆ ಕೇಳಿದ್ದು ಅದು. ಮಾರನೇ ದಿನ ಗಾಡಿ ಹತ್ತಿ ಹೋದೆ. ಆಮೇಲೆ ಅವಳೂ ಊರು ಬಿಟ್ಟಳು. ವರ್ಷಕ್ಕೊಮ್ಮೆ ನೋಡೋದು, ಕ್ಷೇಮ ವಿಚಾರಿಸೋದು, ಅಷ್ಟಕ್ಕೆ ನಿಂತಿತು. ಹೋದ ವರ್ಷ ಯಾವುದೋ ಮಾತಿಗೆ ಅದನ್ನೆತ್ತಿ ಆಡಿದೆ. ಅಕ್ಕ ಕೈಯಲ್ಲಿದ್ದ ಪಾತ್ರೆ ಕೆಳಗಿಟ್ಟು ನನ್ನನ್ನೇ ನೋಡಿದಳು. "ನಾನೆಲ್ಲೋ ಬಿಡು ಅಂದೆ? 'ಇರು' ಅಂದೆ ಕಣೋ!"

ಅಂದೆ, ಅನ್ನಲಿಲ್ಲ. ಅಂದೆ, ಅನ್ನಲಿಲ್ಲ. ಬೇರೆ ಲೋಕದಲ್ಲಾಗಿದ್ದರೆ ಇದು ಸಾಯೋ ತನಕ ನಡೆಯುತ್ತಿತ್ತು. ಇಲ್ಲಿ ಬಾವಿ ಇದೆಯಲ್ಲ.

ಬಾವಿ ಅಂದರೆ ನೀರಿನದಲ್ಲ. ನೂರು ಹೆಜ್ಜೆ ಅಗಲದ ಗುಂಡಗಿನ ಗುಂಡಿ, ಒಳಗೋಡೆಗೆ ಅಂಟಿಕೊಂಡು ಸುರುಳಿಯಾಗಿ ಇಳಿಯುವ ಮೆಟ್ಟಿಲು. ಒಂದೊಂದು ಮೆಟ್ಟಿಲೂ ಅರ್ಧ ಗೇಣು ಎತ್ತರ, ಅಷ್ಟೇ. ಮುದುಕರಿಗೂ ಆಗಲಿ ಅಂತ ಹಾಗೆ ಮಾಡಿದ್ದು ಎಂದು ಊರವರು ಹೇಳುತ್ತಾರೆ. 365 ಮೆಟ್ಟಿಲಿಗೊಂದು ಜಗಲಿ, ಮಲಗೋದಕ್ಕೆ ಜಾಗ. ಗೋಡೆಯಲ್ಲಿ ಕೂತವರ ಕಿವಿಯ ಮಟ್ಟಕ್ಕೆ ಒಂದು ಸೀಳು, ಕಿರುಬೆರಳು ತೂರುವಷ್ಟು ಅಗಲ, ಬಾಯಿಯಿಂದ ತಳದವರೆಗೆ ಎಲ್ಲೂ ಕಡಿಯದೆ ಓಡುತ್ತದೆ. ಅದಕ್ಕೆ ಅಲ್ಲಿ ತೋಡು ಅಂತಾರೆ.

ತೋಡು ಶುರುವಾಗೋದು ಬಾಯಿಕಲ್ಲಿನಲ್ಲಿ. ಜನ ಗಲ್ಲ ಊರಿ ಊರಿ ಆ ಕಲ್ಲು ಎರಡು ಕಡೆ ಗುಳಿ ಬಿದ್ದಿದೆ. ಒಂದು ಗುಳಿ ಎತ್ತರದವರದು, ಇನ್ನೊಂದು ಮಕ್ಕಳದು. ಮುಟ್ಟಿದರೆ ಬೆಣ್ಣೆ ಸವರಿದ ಹಾಗೆ ನುಣುಪು. ಸುತ್ತ ಹಲಗೆ ಹಾಸು. ಚಪ್ಪಲಿ ದೂರದಲ್ಲೇ ಬಿಡಬೇಕು, ಯಾಕಂದರೆ ಹತ್ತು ಹೆಜ್ಜೆಯೊಳಗೆ ಆದ ಸದ್ದೆಲ್ಲ ತೋಡಿಗೆ ಬೀಳುತ್ತದೆ. ಕೆಮ್ಮಿದರೆ ಕೆಮ್ಮು, ಬೈದರೆ ಬೈಗುಳ.

ಕಾವಲಿನ ಅಜ್ಜಿ ನಮ್ಮ ಲೆಕ್ಕ ಕೇಳಿದಳು. ನಾಲ್ಕನೇ ದಿನಕ್ಕೆ ಸರಿಯಾಗಿ ಹನ್ನೆರಡು ವರ್ಷ, ಹನ್ನೆರಡು ಸಲ 365, ಒಟ್ಟು 4,380ನೇ ಮೆಟ್ಟಿಲು ಅಂದೆ. ಬೆರಳು ಮಡಿಸಿ ಎಣಿಸಿದ್ದಕ್ಕೆ ನನಗೇ ಹೆಮ್ಮೆ.

"ನಿಮ್ಮ ಕಡೆ ನಾಲ್ಕು ವರ್ಷಕ್ಕೊಂದು ದಿನ ಜಾಸ್ತಿ ಸೇರಿಸ್ತಾರಲ್ವಾ ಮಗಾ?" ಅಂದಳು ಅಜ್ಜಿ.

4,383. ಆ ಮೂರು ಮೆಟ್ಟಿಲಿನ ತಪ್ಪಿಗೆ ಅಕ್ಕ ರಾತ್ರಿಯೆಲ್ಲ ನಕ್ಕಳು. ನಾನು ತಿರುಗಿ ಏನೋ ಅಂದೆ. ಅವಳು ಅದಕ್ಕಿಂತ ಚುರುಕಾಗಿ ಇನ್ನೇನೋ ಅಂದಳು. ಹಲಗೆಯ ಮೇಲೇ ಕೂತಿದ್ದೇವೆ ಅನ್ನೋದು ಇಬ್ಬರಿಗೂ ಮರೆತೇ ಹೋಗಿತ್ತು.

ಎರಡನೇ ದಿನ

ಬೆಳಕು ಹರಿಯುವಾಗ ಬಾಯಿಕಲ್ಲಿನ ಹತ್ತಿರ ಕಂಚಿನ ಗಂಟೆ ಒಂದೇ ಒಂದು ಸಲ ಹೊಡೆಯುತ್ತಾರೆ. ದಿನ ಶುರುವಾಯಿತು ಅಂತ ತೋಡಿಗೆ ಹಾಕುವ ಗುರುತು ಅದು. ಆಮೇಲೆ ಇಳಿಯಬಹುದು.

ಅಜ್ಜಿ ಇಬ್ಬರಿಗೂ ಒಂದೊಂದು ಪೊಳ್ಳು ಕಡ್ಡಿ ಕೊಟ್ಟಳು. ಒಂದು ತುದಿ ಕಿವಿಗೆ, ಇನ್ನೊಂದು ತೋಡಿಗೆ. ಇಲ್ಲಿನ ಲೆಕ್ಕ ಮಜವಾಗಿದೆ. ಮೆಟ್ಟಿಲಿನ ಉದ್ದ ಒಂದು ದಿನ. ಅದು ಹೆಚ್ಚುಕಮ್ಮಿ 36 ಸೆಂಟಿಮೀಟರ್. 24ರಿಂದ ಭಾಗಿಸಿದರೆ ಗಂಟೆಗೆ ಒಂದೂವರೆ ಸೆಂಟಿಮೀಟರ್, ಅಂದರೆ ಒಂದು ಬೆರಳಿನ ಅಗಲ. ಹಾಗಾಗಿ ಇಲ್ಲಿಯವರು ಗಂಟೆ ಅನ್ನೋದಿಲ್ಲ, ಬೆರಳು ಅಂತಾರೆ. "ಎರಡು ಬೆರಳು ಬಿಟ್ಟು ಬಾ." "ನಾಲ್ಕು ಬೆರಳಿಂದ ಕಾಯ್ತಿದೀನಿ." ಕಡ್ಡಿಯನ್ನು ಒಂದು ಕೂದಲೆಳೆಯಷ್ಟು ಜರುಗಿಸಿದರೂ ಹತ್ತಿಪ್ಪತ್ತು ಸೆಕೆಂಡ್ ಆಚೀಚೆ ಆಗುತ್ತದೆ. ಕೈ ನಡುಗುವವರಿಗೆ ಕಷ್ಟ. ನನ್ನ ಕೈ ನಡುಗುತ್ತಿತ್ತು.

ಮೊದಲ ಮೆಟ್ಟಿಲಿನಲ್ಲಿ ನಿನ್ನೆ ಇರುತ್ತದೆ. ಕಡ್ಡಿ ಇಟ್ಟೆವು. ರಾತ್ರಿಯ ಜಗಳ ಅಕ್ಷರವೂ ಬಿಡದೆ ಕೇಳಿಸಿತು. ಅಕ್ಕ ಕಡ್ಡಿ ತೆಗೆದು, "ನನ್ನ ದನಿ ಇಷ್ಟು ಕೀರಲಾ?" ಅಂದಳು. ನಾನು ಉತ್ತರ ಕೊಡಲಿಲ್ಲ. ನನ್ನದೇ ಜಾಸ್ತಿ ಕೀರಲಾಗಿತ್ತು.

ಮೆಟ್ಟಿಲಿಳಿಯುತ್ತಾ ಕಡ್ಡಿಯನ್ನು ತೋಡಿಗೆ ತಾಗಿಸಿಕೊಂಡೇ ಹೋದರೆ ಏನಾಗುತ್ತೆ ಅಂತ ನೋಡಿದೆ. ಏನೂ ಕೇಳುವುದಿಲ್ಲ. ಮೊದಲು ಆಶ್ಚರ್ಯವಾಯಿತು, ಆಮೇಲೆ ಲೆಕ್ಕ ಹೊಳೆಯಿತು. ಸೆಕೆಂಡಿಗೊಂದು ಮೆಟ್ಟಿಲು ಅಂದರೆ ನಾನು ಇಲ್ಲಿನ ದನಿಗಿಂತ 86,400 ಪಟ್ಟು ವೇಗ. ಒಂದು ದಿನದ ಮಾತು ಒಂದು ಸೆಕೆಂಡಿನಲ್ಲಿ ಹಾದುಹೋಗುತ್ತದೆ. ಮನುಷ್ಯನ ಕಿವಿ ಹಿಡಿಯೋದು ಸೆಕೆಂಡಿಗೆ 20,000 ಕಂಪನದ ತನಕ, ಇದು ಅದನ್ನೆಲ್ಲ ಎಲ್ಲೋ ದಾಟಿಹೋಗಿರುತ್ತದೆ. ಅದೂ ಹಿಂದುಮುಂದಾಗಿ, ಯಾಕಂದರೆ ಇಳಿಯುವವನಿಗೆ ಇವತ್ತು ಮೊದಲು ಸಿಗುತ್ತದೆ, ನಿನ್ನೆ ಆಮೇಲೆ. ನಮ್ಮ ಲೋಕದಲ್ಲೂ ಇದು ಸುಳ್ಳಲ್ಲ. ವಾದ್ಯವೊಂದು ದನಿಯ ಎರಡರಷ್ಟು ವೇಗದಲ್ಲಿ ನಮ್ಮ ಕಡೆ ಬಂದರೆ ಅದರ ಸಂಗೀತ ತಾಳ, ಶ್ರುತಿ ಎಲ್ಲ ಸರಿಯಾಗಿಯೇ ಕೇಳುತ್ತದೆ, ಆದರೆ ಕೊನೆಯಿಂದ ಮೊದಲಿಗೆ ಅಂತ ಭೌತವಿಜ್ಞಾನಿ ರೇಲೀ 19ನೇ ಶತಮಾನದಲ್ಲೇ ಬರೆದಿಟ್ಟಿದ್ದಾರೆ. ಇಲ್ಲಿ ಕೇಳಬೇಕಂದರೆ ನಿಲ್ಲಬೇಕು. ನಡೆದಷ್ಟು ಹೊತ್ತೂ ಬಾವಿ ಮೂಕ.

ಮೊದಲ ಜಗಲಿ ದಾಟುವಾಗ ಏನೋ ಮಂಕಾಗುತ್ತಿದೆ ಅನ್ನಿಸಿತು. ದನಿ ಸಣ್ಣದಾಗಿರಲಿಲ್ಲ, ಸವೆದಿತ್ತು. ಅದನ್ನು ಚೆನ್ನಾಗಿ ತೋರಿಸಿಕೊಟ್ಟವಳು ಯಾರೋ ಒಬ್ಬಾಕೆ. ಅವಳು ದಿನಾ ಬೆಳಗಿನ ಗಂಟೆಯಾದ ಮೇಲೆ ಬಾಯಿಕಲ್ಲಿಗೆ ಬಂದು ಹವಾಮಾನ ಹೇಳಿ ಹೋಗುತ್ತಾಳೆ. ಬರೀ ಒಂದು ಮಾತು. "ಬಿಸಿಲು." ಇಲ್ಲವಾದರೆ "ಮಳೆ." ಯಾಕೆ ಹೇಳುತ್ತಾಳೆ ಅಂತ ಅಜ್ಜಿಗೂ ಗೊತ್ತಿಲ್ಲ. ಹತ್ತನೇ ಮೆಟ್ಟಿಲಿನಲ್ಲಿ ಅವಳ "ಬಿಸಿಲು" ಗಾಜಿನ ಹಾಗೆ ಸ್ಪಷ್ಟ. ಮೊದಲ ಜಗಲಿಯಲ್ಲಿ ಅದರ "ಸಿ" ಹಾರಿಹೋಗಿ "ಬಿ... ಇಲು" ಆಗಿತ್ತು. ಮೂರನೇ ಜಗಲಿಯಲ್ಲಿ "ಬಿ"ಯ ತುಟಿ ಕೂಡ ಸವೆದು "ಇ... ಇಲು". ಆದರೆ "ಮಳೆ" ಮಾತ್ರ ಅಲ್ಲೂ "ಮಳೆ"ಯೇ. ಮೂರು ವರ್ಷದಲ್ಲಿ ಬಿಸಿಲೆಲ್ಲ ಉದುರಿತ್ತು, ಮಳೆ ಉಳಿದಿತ್ತು.

ಇದರಲ್ಲಿ ನನ್ನ ಸುಳ್ಳೇನೂ ಇಲ್ಲ. ಗಾಳಿ ಮೊದಲು ತಿನ್ನೋದು ಮೇಲಿನ ದನಿಯನ್ನು, ಅಂದರೆ ಕೀರಲು ದನಿಯನ್ನು. ಹತ್ತಿರದ ಸಿಡಿಲು ಚಟೀರ್ ಅನ್ನುತ್ತದೆ, ದೂರದ್ದು ಗುಡುಗುಡು ಅಂತ ಉರುಳುತ್ತದೆ. ಆ ಚಟೀರ್ ದಾರಿಯಲ್ಲೇ ಖರ್ಚಾಗಿರುತ್ತದೆ. ಮಾತಿನಲ್ಲಿ ಸ, ಶ, ಚ ಇವೆಲ್ಲ ಮೇಲಿನ ದನಿಯಿಂದ ಆದವು. ಹಳೆಯ ಫೋನುಗಳು 300ರಿಂದ 3,400 ಹರ್ಟ್ಸ್, ಅಂದರೆ ಸೆಕೆಂಡಿಗೆ ಅಷ್ಟು ಕಂಪನದ ತನಕ ಮಾತ್ರ ಸಾಗಿಸುತ್ತಿದ್ದವು. ಅದಕ್ಕೇ ಫೋನಿನಲ್ಲಿ ಹೆಸರು ಹೇಳುವಾಗ ಸ ಯಾವುದು, ಫ ಯಾವುದು ಅಂತ ಒದ್ದಾಡಬೇಕಾಗಿತ್ತು. ಮ, ಳ, ಲ, ನ ಇವು ಗಂಟಲಿನಿಂದ ಗುನುಗಿಕೊಂಡೇ ಬರುವ ಅಕ್ಷರಗಳು. ಅವು ದೂರದ ದಾರಿಗೂ ತಾಳುತ್ತವೆ.

ಆಗಲೇ ನನಗೆ ಹೊಟ್ಟೆಯಲ್ಲಿ ಒಂದು ಥರ ಆಯಿತು. ಮೂರು ವರ್ಷಕ್ಕೇ ಇಷ್ಟು ಸವೆದರೆ ಹನ್ನೆರಡು ವರ್ಷಕ್ಕೆ? "ಇರು" ಮತ್ತು "ಬಿಡು". ಹೇಳಿಕೊಂಡು ನೋಡಿ. ಬ್ ಮತ್ತು ಡ್ ತೆಗೆದರೆ ಒಂದರಲ್ಲಿ ಉಳಿಯೋದು ಇ, ಉ. ರ್ ತೆಗೆದರೆ ಇನ್ನೊಂದರಲ್ಲೂ ಉಳಿಯೋದು ಇ, ಉ.

ಅಕ್ಕನಿಗೆ ಹೇಳಲಿಲ್ಲ. ಅವಳ ಮುಖ ನೋಡಿದರೆ ಅವಳಿಗೂ ಇದು ಹೊಳೆದಿತ್ತು. ಐದನೇ ಜಗಲಿಯಲ್ಲಿ ಮಲಗಿದೆವು.

ನಿದ್ದೆ ಬಾರದೆ ಒಂದು ವಿಷಯ ನೆನಪಾಯಿತು. ದನಿಯನ್ನು ಕೂಡಿಡುವ ಹುಚ್ಚು ನನ್ನೊಬ್ಬನದೇ ಅಲ್ಲ. 1949ರಲ್ಲಿ ಕೇಂಬ್ರಿಡ್ಜ್‌ನಲ್ಲಿ ಓಡಲು ಶುರುಮಾಡಿದ ಎಡ್ಸ್ಯಾಕ್ ಅನ್ನುವ ಕಂಪ್ಯೂಟರಿಗೆ ನೆನಪಿನ ಶಕ್ತಿ ಇದ್ದದ್ದೇ ದನಿಯಲ್ಲಿ. ಪಾದರಸ ತುಂಬಿದ ಉದ್ದುದ್ದ ಕೊಳವೆಗಳು. ಒಂದು ತುದಿಯಲ್ಲಿ ದನಿಯ ಮಿಡಿತ ಹಾಕೋದು. ಅದು ಪಾದರಸದಲ್ಲಿ ಸೆಕೆಂಡಿಗೆ ಸುಮಾರು 1,450 ಮೀಟರ್ ವೇಗದಲ್ಲಿ ಈಜಿಕೊಂಡು ಇನ್ನೊಂದು ತುದಿಗೆ ಬಂದ ತಕ್ಷಣ ಹಿಡಿದು, ಶುದ್ಧಮಾಡಿ, ಮತ್ತೆ ಮೊದಲ ತುದಿಗೆ ಹಾಕೋದು. ಒಂದು ಸುತ್ತಿಗೆ ಸುಮಾರು ಸೆಕೆಂಡಿನ ಸಾವಿರದ ಒಂದು ಭಾಗ. ದಾರಿಯಲ್ಲಿರುವ ತನಕ ಅದು ನೆನಪು. ಅವರ ಜಾಣತನ ಇದ್ದದ್ದು ಆ ಶುದ್ಧಮಾಡುವುದರಲ್ಲಿ. ಸುತ್ತಿಗೊಮ್ಮೆ ತೊಳೆದು ಹಾಕುತ್ತಿದ್ದರು, ಅದಕ್ಕೇ ಸವೆಯಲಿಲ್ಲ. ನನ್ನ ಬಾವಿಯಲ್ಲಿ ತೊಳೆಯುವವರು ಯಾರೂ ಇಲ್ಲ. ಕಟ್ಟುವಾಗ ಯೋಚನೆ ಮಾಡಬೇಕಿತ್ತು.

ಮೂರನೇ ದಿನ

ಇಳಿದೆವು, ಇಳಿದೆವು, ಇಳಿದೆವು. ಏಳು ವರ್ಷ ಒಂದೇ ದಿನದಲ್ಲಿ. ಹೇಳಿಕೊಳ್ಳುವಂಥದ್ದು ಜಾಸ್ತಿ ಇಲ್ಲ. ಕೆಳಗೆ ಹೋದಷ್ಟೂ ಸೆಕೆ. ನೆಲದೊಳಗೆ ಕಿಲೋಮೀಟರಿಗೆ ಸುಮಾರು 25 ಡಿಗ್ರಿ ಏರುತ್ತದೆ. ನಾವು ಅರ್ಧ ಕಿಲೋಮೀಟರಿನ ಹತ್ತಿರ ಇದ್ದೆವು.

ಎರಡು ಸಂಗತಿ ಮಾತ್ರ ಬರೆದಿಡುತ್ತೇನೆ.

ಮೆಟ್ಟಿಲಿನ ಅಂಚಿಗೆ ಮೇಲಿಂದ ಕೆಳತನಕ ಒಂದೇ ಕಬ್ಬಿಣದ ಕಂಬಿ ಇದೆ, ಕೈ ಹಿಡಿಯೋದಕ್ಕೆ. ಕತ್ತಲಾಗುವ ಮುಂಚೆ ಮೇಲಿಂದ ಅಜ್ಜಿ ಅದಕ್ಕೊಂದು ಏಟು ಹಾಕುತ್ತಾಳೆ. ಕೆಳಗಿರುವವರು ದೀಪ ಹಚ್ಚಿಕೊಳ್ಳಲಿ ಅಂತ. ನಮಗೆ ಎರಡು ಏಟು ಕೇಳಿಸಿತು. ಟಿಣ್, ಒಂದು ಉಸಿರು ಬಿಟ್ಟು ಮತ್ತೆ ಟಣ್. ಅಕ್ಕ "ಎರಡ್ಯಾಕೆ ಹೊಡೆದಳು?" ಅಂದಳು. ಹೊಡೆದದ್ದು ಒಂದೇ. ಕಬ್ಬಿಣದೊಳಗೆ ಬಂದದ್ದು ಮೊದಲು ಮುಟ್ಟಿತು, ಗಾಳಿಯಲ್ಲಿ ಬಂದದ್ದು ಆಮೇಲೆ. ಕಂಬಿ ಸುತ್ತಿ ಸುತ್ತಿ ಮೂರು ಪಟ್ಟು ದೂರ ಬಂದರೂ ಗೆದ್ದದ್ದು ಕಬ್ಬಿಣವೇ. 1808ರಲ್ಲಿ ಪ್ಯಾರಿಸಿನಲ್ಲಿ ಬಯೋ ಅನ್ನುವ ವಿಜ್ಞಾನಿ 951 ಮೀಟರ್ ಉದ್ದದ ಕಬ್ಬಿಣದ ಕೊಳವೆಯ ತುದಿಯಲ್ಲಿ ಇದನ್ನೇ ಕೇಳಿದ್ದರು. ಒಂದೇ ಸದ್ದು ಎರಡು ಸಲ, ನಡುವೆ ಎರಡೂವರೆ ಸೆಕೆಂಡ್. ಘನವಸ್ತುವಿನಲ್ಲಿ ದನಿಯ ವೇಗ ಎಷ್ಟು ಅಂತ ನೇರವಾಗಿ ಮೊದಲು ಅಳೆದದ್ದೇ ಹಾಗೆ.

ಇನ್ನೊಂದು, ಎಂಟನೇ ಜಗಲಿಯ ಕೆಳಗೆ ಒಂದು ಮೆಟ್ಟಿಲಿಗೆ ಸುಣ್ಣದ ಗುರುತು ಇತ್ತು. ಅಲ್ಲಿ ಗಂಟೆ ಇಲ್ಲ. ಅವತ್ತು ಬೆಳಗ್ಗೆ ಯಾರೂ ಗಂಟೆ ಹೊಡೆದಿರಲಿಲ್ಲ. ಗಂಟೆ ಹೊಡೆಯುವವನಿಗೆ ಮಗಳು ಹುಟ್ಟಿದ ದಿನವಂತೆ ಅದು. ಆ ಹುಡುಗಿ ಈಗ ವರ್ಷಕ್ಕೊಂದು ಸಲ ಇಳಿದುಬಂದು ಗುರುತನ್ನು ಕೆಳಗಿನ ಮೆಟ್ಟಿಲುಗಳಿಗೆ ಸರಿಸಿ, ತನ್ನ ಖಾಲಿ ಬೆಳಗನ್ನು ಕೇಳಿ ಹೋಗುತ್ತಾಳಂತೆ. ಮೇಲೆ ಹತ್ತಿದ ಮೇಲೆ ಇದನ್ನು ಹೇಳಿದ್ದು ಅಜ್ಜಿ. ಕೇಳಿಸಿಕೊಂಡಾಗ ನಮಗೆ ಅರ್ಥವಾಗಿರಲಿಲ್ಲ. ಏನೂ ಇಲ್ಲವಲ್ಲ ಅಂತ ಮುಂದೆ ಹೋಗಿದ್ದೆವು.

ಹನ್ನೆರಡನೇ ಜಗಲಿ ಮುಟ್ಟಿದಾಗ ಅಕ್ಕ ಮಂಡಿ ಹಿಡಿದುಕೊಂಡು ಕೂತವಳು ಏಳಲಿಲ್ಲ. ಕಾಲು ಒತ್ತಿದೆ. ಬೇಡ ಅನ್ನಲಿಲ್ಲ.

ನಾಲ್ಕನೇ ದಿನ

ಬೆಳಗಿನ ಗಂಟೆಯ ಬಗ್ಗೆ ನಮಗೆ ಯಾರೂ ಮೊದಲೇ ಹೇಳಿರಲಿಲ್ಲ. ಹೇಳಬಾರದು ಅಂತಲೇ ಇರಬೇಕು.

ಯೋಚನೆ ಮಾಡಿ. ಪ್ರತಿದಿನ ಬೆಳಗ್ಗೆ ಒಂದೇ ಹೊತ್ತಿಗೆ ಗಂಟೆ ಬೀಳುತ್ತದೆ. ದನಿ ದಿನಕ್ಕೆ ಒಂದೇ ಮೆಟ್ಟಿಲು ಇಳಿಯುತ್ತದೆ. ಹಾಗಾದರೆ ಬೆಳಕು ಹರಿಯುವಾಗ ಒಂದೊಂದು ಮೆಟ್ಟಿಲಿನ ಅಂಚಿಗೂ ಒಂದೊಂದು ಗಂಟೆ ಬಂದು ನಿಂತಿರುತ್ತದೆ. ನಿನ್ನೆಯದು ಒಂದನೇ ಮೆಟ್ಟಿಲಿಗೆ, ಹೋದ ವರ್ಷದ್ದು ಮೊದಲ ಜಗಲಿಗೆ, ಹನ್ನೆರಡು ವರ್ಷದ ಹಿಂದಿನದು ನಮ್ಮ ಕಾಲಬುಡಕ್ಕೆ. ಎಲ್ಲವೂ ಒಟ್ಟಿಗೇ ಬಾರಿಸುತ್ತವೆ. ಕಂಚಿನ ಏಟು ಜೋರು, ಕಡ್ಡಿಯೇ ಬೇಕಿಲ್ಲ.

ಆದರೆ ನಮಗೆ ಒಟ್ಟಿಗೆ ಕೇಳಲಿಲ್ಲ. ತೋಡಿನ ಸೀಳಿನಿಂದ ಹೊರಗೆ ಬಿದ್ದ ಮೇಲೆ ಅದು ಮಾಮೂಲಿ ಗಾಳಿಯ ದನಿ. ಮೇಲಿನವು ನಮ್ಮನ್ನು ಮುಟ್ಟೋದಕ್ಕೆ 480 ಮೀಟರ್ ಬರಬೇಕು, ಒಂದೂಕಾಲು ಒಂದೂವರೆ ಸೆಕೆಂಡ್ ಬೇಕು. ಹಾಗಾಗಿ ಮೊದಲು ಕೇಳಿದ್ದು ಪಕ್ಕದ ಮುದಿ ಗಂಟೆಗಳು, ದೊಂ ಅಂತ, ಮಣ್ಣಿನ ಮೇಲೆ ಕುಂಬಳಕಾಯಿ ಬಿದ್ದ ಹಾಗೆ. ಅದರ ಬೆನ್ನಿಗೇ ಸ್ವಲ್ಪ ಕಡಿಮೆ ಹಳೆಯವು, ಆಮೇಲೆ ಇನ್ನೂ ಕಡಿಮೆ ಹಳೆಯವು. ದೊಂ ಅನ್ನೋದು ಡಂ ಆಗಿ, ಢಣ್ ಆಗಿ, ಮೇಲೆ ಮೇಲೆ ಹೊಳೆಯುತ್ತಾ ಹೋಗಿ, ಕಟ್ಟಕಡೆಗೆ ಇವತ್ತಿನ ಗಂಟೆ ಟಣ್ ಅಂತ ಎಲ್ಲದರ ತಲೆಯ ಮೇಲೆ ಕೂತಿತು. ಹನ್ನೆರಡು ವರ್ಷ ಒಂದೂವರೆ ಸೆಕೆಂಡಿನಲ್ಲಿ ಮುಗಿಯಿತು. ನಡುವೆ ಎಲ್ಲೋ ಒಂದು ಖಾಲಿ ಇತ್ತು. ಅಷ್ಟು ವೇಗದಲ್ಲಿ ಅದು ಕೇಳಲಿಲ್ಲ, ಕೇಳೋದು ಸಾಧ್ಯವೂ ಇಲ್ಲ.

ಎಡಿನ್‌ಬರೋದಲ್ಲಿ 1861ರಿಂದ ಮಧ್ಯಾಹ್ನ ಒಂದು ಗಂಟೆಗೆ ಫಿರಂಗಿ ಹಾರಿಸುತ್ತಾರೆ, ಹೊತ್ತು ಸರಿಮಾಡಿಕೊಳ್ಳಲಿ ಅಂತ. ದೂರದವರಿಗೆ ಸದ್ದು ತಡವಾಗಿ ಮುಟ್ಟುತ್ತದಲ್ಲ, ಅದಕ್ಕೆ ಎಲ್ಲಿ ಎಷ್ಟು ಸೆಕೆಂಡ್ ಕಳೆಯಬೇಕು ಅಂತ ವೃತ್ತ ಎಳೆದ ನಕ್ಷೆಯನ್ನೂ ಆಗ ಮಾಡಿದ್ದರು. ಅಲ್ಲಿ ತಡ ಅನ್ನೋದು ಕಳೆದು ಬಿಸಾಡುವ ಲೆಕ್ಕ. ನಾವು ಅದನ್ನೇ ಕೇಳೋದಕ್ಕೆ ಬಂದು ಕೂತಿದ್ದೆವು.

ಮೂರು ಮೆಟ್ಟಿಲು ಇಳಿದೆವು. 4,383. ಅವತ್ತು ನಾವು ಬಾಯಿಕಲ್ಲಿನ ಹತ್ತಿರ ಕೂತದ್ದು ಬೆಳಗಾಗಿ ಒಂಬತ್ತು ಗಂಟೆ ಕಳೆದ ಮೇಲೆ, ಹಾಗಾಗಿ ಮೆಟ್ಟಿಲಿನ ಅಂಚಿನಿಂದ ಒಂಬತ್ತು ಬೆರಳು ಮೇಲಕ್ಕೆ ಅಳೆದು ಕಡ್ಡಿ ಇಟ್ಟೆ. ಏನೋ ಗುಂಯ್ ಅಂದಿತು. ಯಾರದೋ ಗುನುಗು, ನಮ್ಮದಲ್ಲ. ಕೂದಲೆಳೆ ಸರಿಸಿದೆ, ಮತ್ತೊಂದು ಕೂದಲೆಳೆ. ಬೆವರು ಕಣ್ಣಿಗಿಳಿಯಿತು. ಅಕ್ಕ ತನ್ನ ಸೆರಗಿನಲ್ಲಿ ನನ್ನ ಹಣೆ ಒರೆಸಿದಳು, ಕೈ ಮಾತ್ರ ಅಲ್ಲಾಡಿಸಬೇಡ ಅಂತ ಕಣ್ಣಲ್ಲೇ ಹೇಳಿದಳು.

ಎಷ್ಟೋ ಹೊತ್ತಾದ ಮೇಲೆ ಸಿಕ್ಕಿತು. ಗುರುತು ಹಿಡಿದದ್ದು ಅಕ್ಕನ ಕೆಮ್ಮಿನಿಂದ. ಎರಡು ಸಣ್ಣದು, ಒಂದು ದೊಡ್ಡದು. ಇವತ್ತಿಗೂ ಹಾಗೇ ಕೆಮ್ಮುತ್ತಾಳೆ.

ಆಮೇಲೆ ನಾನು. ಒಂದಕ್ಷರವೂ ಇಲ್ಲ. ಗೋಡೆಯಾಚೆ ಯಾರೋ ಮಾತಾಡಿದರೆ ಕೇಳುವಂಥ ಗುನುಗು, ಕೊನೆಯಲ್ಲಿ ಸ್ವಲ್ಪ ಮೇಲಕ್ಕೆ ಎದ್ದಿತು. "ಇರಲಾ?" ಅನ್ನುವಾಗ ಏಳುತ್ತದಲ್ಲ, ಹಾಗೆ. ಪದ ಹೋದರೂ ಪ್ರಶ್ನೆ ಉಳಿದಿತ್ತು.

ಆಮೇಲೆ ಅವಳ ಉತ್ತರ. ಎರಡು ಸಲ ಅಂದಿದ್ದಳು, ನನಗೆ ನೆನಪೇ ಇರಲಿಲ್ಲ. ಉ-ಉ. ಉ-ಉ.

ಇ ಕೂಡ ಉಳಿದಿರಲಿಲ್ಲ. ಇ ಮತ್ತು ಉ ಎರಡಕ್ಕೂ ಬುಡದ ದನಿ ಹೆಚ್ಚುಕಮ್ಮಿ ಒಂದೇ. ಎರಡನ್ನೂ ಬೇರೆ ಮಾಡೋದು ಮೇಲಿನದು. ಅದು ಹೋದರೆ ಇ ಕೂಡ ಉ ಥರವೇ ಕೇಳುತ್ತದೆ. "ಇರು ಇರು" ಇರಬಹುದು. "ಬಿಡು ಬಿಡು" ಇರಬಹುದು. ಎರಡನ್ನೂ ನಾವು ಹಾಗೆ ಜೋಡಿಯಾಗಿಯೇ ಹೇಳ್ತೀವಲ್ವಾ?

"ಏನಂತೆ?" ಅಂದಳು ಅಕ್ಕ.

"ಗೊತ್ತಾಗ್ತಿಲ್ಲ."

"ಕೊಡು ಇಲ್ಲಿ."

ಈ ಬಾವಿಯ ಒಂದು ಅನುಕೂಲ ಏನಂದರೆ, ತಪ್ಪಿಹೋದ ಮಾತನ್ನು ಮುಂದೆ ಹೋಗಿ ಕಾಯಬಹುದು. ಕಡ್ಡಿಯನ್ನು ಒಂದೆರಡು ಕೂದಲೆಳೆ ಕೆಳಗೆ ಇಟ್ಟುಕೊಂಡರೆ ಅದೇ ಮಾತು ಇಳಿದುಕೊಂಡು ಅಲ್ಲಿಗೆ ಬರುತ್ತದೆ. ಅಕ್ಕ ಇಟ್ಟಳು. ಕಾದಳು. ಕೇಳಿಸಿಕೊಂಡಳು. ಅವಳ ಮುಖ ಗಟ್ಟಿಯಾಗಿತ್ತು, ಮೆಲ್ಲಗೆ ಬೇರೆಯಾಯಿತು. ಮತ್ತೆ ಒಂದೆರಡು ಕೂದಲೆಳೆ ಇಳಿಸಿದಳು, ಮತ್ತೆ ಕೇಳಿದಳು. ಆಮೇಲೆ ಇನ್ನೂ ಕೆಳಗೆ ಸರಿಸಿ, ಕಡ್ಡಿಯನ್ನು ಅಲ್ಲಾಡಿಸದೆ ಹಿಡಿದು, ನನ್ನ ಕಿವಿಗೆ ತಂದು ಇಟ್ಟಳು.

"ನನ್ನ ಮಾತು ಕೇಳಬೇಡ. ಕೆಳಗಿನ ಸದ್ದು ಕೇಳು."

ಕೇಳಿದೆ. ಕೆಮ್ಮು. ನನ್ನ ಗುನುಗು, ಕೊನೆಯ ಏರು. ಆಮೇಲೆ ದುಬ್. ದುಬ್. ದುಬ್. ದುಬ್.

ಬರಿಗಾಲಿನ ಹಿಮ್ಮಡಿ ಹಲಗೆಯ ಮೇಲೆ ಬಿದ್ದ ಸದ್ದು. ಅಂಥ ಬುಡದ ದನಿಯನ್ನು ಹನ್ನೆರಡು ವರ್ಷವೂ ಏನೂ ಮಾಡಿರಲಿಲ್ಲ. ಮೊದಲ ಸಲ ನಾನು ಮಾತು ಹುಡುಕುತ್ತಿದ್ದೆನಲ್ಲ, ಕಿವಿಗೆ ಬಿದ್ದಿದ್ದರೂ ಗಮನಿಸಿರಲಿಲ್ಲ. ನಾಲ್ಕು ಹೆಜ್ಜೆ ಹೋಗಿ ಆಗಿತ್ತು. ಆಮೇಲೆ ಅವಳ ಉ-ಉ. ಇನ್ನೆರಡು ಹೆಜ್ಜೆ. ಆಮೇಲೆ ಎರಡನೆಯ ಉ-ಉ, ಮೊದಲನೆಯದಕ್ಕಿಂತ ಜೋರಾಗಿ, ಎಳೆದು. ಹೆಜ್ಜೆ ನಿಲ್ಲಲಿಲ್ಲ.

ನಾನು ಪ್ರಶ್ನೆ ಕೇಳಿದೆ, ಎದ್ದು ಹೋದೆ. ಅವಳು ಉತ್ತರ ಕೊಟ್ಟದ್ದು ನನ್ನ ಬೆನ್ನಿಗೆ.

ಕಡ್ಡಿ ಕೆಳಗಿಟ್ಟೆ. ಬಹಳ ಹೊತ್ತು ಇಬ್ಬರೂ ಮಾತಾಡಲಿಲ್ಲ. ಅಕ್ಕ ಗೆದ್ದೆ ಅನ್ನಲಿಲ್ಲ. ಅವಳೂ ಗೆದ್ದಿರಲಿಲ್ಲ, ನಿಜ ಹೇಳಬೇಕಂದರೆ. ಆ ಉ-ಉ ಏನು ಅಂತ ಇವತ್ತಿಗೂ ಯಾರೂ ಆಣೆ ಮಾಡಿ ಹೇಳಲಾರರು.

"ಇರು ಅಂದಿದ್ದರೆ," ನಾನು ಕೇಳಿದೆ, "ಅದು ಇಲ್ಲೇ ಇರು ಅಂತಾನಾ, ಸ್ವಲ್ಪ ತಾಳು ಅಂತಾನಾ?"

ಅಕ್ಕ ಮಂಡಿ ನೀವಿಕೊಳ್ಳುತ್ತಾ ಯೋಚಿಸಿದಳು. "ಮೊದಲನೇದು ತಾಳು ಅಂತ ಇರಬೇಕು ಕಣೋ. ನೀನು ತಾಳಿದ್ದರೆ ಎರಡನೇದು ಏನಾಗ್ತಿತ್ತೋ."

ಐದನೇ ದಿನ

ಹತ್ತೋದಕ್ಕೆ ಮೆಟ್ಟಿಲು ಬೇಕಿಲ್ಲ. ಗುಂಡಿಯ ನಡುವೆ ಹಗ್ಗದ ತೊಟ್ಟಿಲು ಇದೆ. ಇಬ್ಬರು ಕೂತರೆ ಮೊಣಕಾಲಿಗೆ ಮೊಣಕಾಲು ತಾಗುತ್ತದೆ. ಮೇಲಿನವರು ರಾಟೆ ತಿರುಗಿಸಿ ಎಳೆದುಕೊಳ್ಳುತ್ತಾರೆ. ಮೂರು ದಿನ ಇಳಿದದ್ದನ್ನು ಅರ್ಧ ದಿನದಲ್ಲಿ ಹತ್ತಿದೆವು. ದೀಪದ ಗೂಡುಗಳು ಒಂದೊಂದಾಗಿ ಕೆಳಗೆ ಹೋದವು. ಎಂಟನೇ ಜಗಲಿಯ ಹತ್ತಿರದ ಸುಣ್ಣದ ಗುರುತು ಹಾದುಹೋಯಿತು. ಅಕ್ಕ ಅರ್ಧ ದಾರಿ ನಿದ್ದೆ ಮಾಡಿದಳು.

ಮೇಲೆ ಬಿಸಿಲಿತ್ತು. ಅಜ್ಜಿ ಕಡ್ಡಿಗಳನ್ನು ವಾಪಸ್ ತೆಗೆದುಕೊಂಡು ಒರೆಸಿಟ್ಟಳು. ಸಿಕ್ಕಿತಾ ಅಂತ ಕೇಳಲಿಲ್ಲ. ಸುಣ್ಣದ ಗುರುತಿನ ಕತೆ ಹೇಳಿದ್ದು ಆಗಲೇ. ಮಧ್ಯಾಹ್ನದ ಗಾಡಿ ಬರುವ ಹೊತ್ತಾಗಿತ್ತು. ನಾನು ಚೀಲ ಹೆಗಲಿಗೆ ಹಾಕಿಕೊಂಡು ಹಲಗೆಯ ಮೇಲೆ ಎರಡು ಹೆಜ್ಜೆ ಇಟ್ಟಿದ್ದೆ.

"ಇರು," ಅಂದಳು ಅಕ್ಕ ಹಿಂದಿನಿಂದ. ಬಾಯಿಕಲ್ಲಿಗೆ ಕೈ ಊರಿ ಕೂತೇ ಇದ್ದಳು. "ಕಾಲು ಜೋಮು ಹಿಡಿದಿದೆ."

ನಾನು ಎತ್ತಿದ್ದ ಹೆಜ್ಜೆಯನ್ನು ಸದ್ದಾಗದ ಹಾಗೆ ಕೆಳಗಿಟ್ಟು ನಿಂತುಕೊಂಡೆ.